ಎಡೆಗೆ ಯಾವ ಆರ್ಮಡಿಲೊ

ನಮ್ಮ ಮನೆಯ ಕಿಟಕಿಯ ಅಂಚಿನ ಮೇಲೆ ಈಗ ಎರಡು ಆಮೆ, ಒಂದು ಮುಳ್ಳುಹಂದಿ, ಒಂದು ಚಿಪ್ಪುಹಂದಿ ಮತ್ತು ಏನೆಂದು ನನಗೆ ಇವತ್ತಿಗೂ ಗೊತ್ತಾಗದ ಒಂದು ಬಟ್ಟೆಯ ಗೊಂಬೆ ಸಾಲಾಗಿ ಕೂತಿವೆ. ಇವುಗಳಲ್ಲಿ ಒಂದೂ ಆರ್ಮಡಿಲೊ ಅಲ್ಲ. ಆದರೆ ಪ್ರತಿಯೊಂದನ್ನೂ ಆರ್ಮಡಿಲೊ ಎಂದೇ ನನಗೆ ಕೊಟ್ಟರು. ಕೊಟ್ಟವರೆಲ್ಲ ನನಗೆ ಬೇಕಾದವರು, ಹಾಗಾಗಿ ಎಸೆಯುವಂತಿಲ್ಲ. ಧೂಳು ಒರೆಸುವಾಗ ಒಂದೊಂದನ್ನೂ ಎತ್ತಿ ಇಡಬೇಕು. ಎತ್ತಿದಾಗಲೆಲ್ಲ ಒಂದು ಸಲ ರೇಗುತ್ತದೆ.

ಆರ್ಮಡಿಲೊ ನಮ್ಮ ದೇಶದ ಪ್ರಾಣಿಯಲ್ಲ. ನಾವಿರುವ ಸ್ವೀಡನ್ನಿನದೂ ಅಲ್ಲ. ಅದಿರುವುದು ಹೆಚ್ಚಾಗಿ ದಕ್ಷಿಣ ಅಮೆರಿಕದಲ್ಲಿ. ಬೆನ್ನ ಮೇಲೆ ಮೂಳೆಯ ಕವಚ, ಕವಚದ ನಡುವೆ ಮಡಚಿಕೊಳ್ಳುವ ಪಟ್ಟೆಗಳು, ಮುಂದೆ ಉದ್ದ ಮೂತಿ. ನಾನು ಒಂದನ್ನೂ ಕಣ್ಣಾರೆ ಕಂಡಿಲ್ಲ. ನಮ್ಮವರು, ನನ್ನ ಗಂಡ, ಅವರೂ ಕಂಡಿರಲಿಲ್ಲ. ಹೆಲ್ಸಿಂಗ್‌ಬೋರ್ಯ್‌ನ ಒಂದು ಮೂರನೇ ಮಹಡಿಯ ಮನೆಯಲ್ಲಿ, ಊಟದ ಮೇಜಿನ ಮೇಲೆ ಲ್ಯಾಪ್‌ಟಾಪ್ ತೆರೆದಿಟ್ಟುಕೊಂಡು, ಆ ಮನುಷ್ಯ ವರ್ಷಗಟ್ಟಲೆ ಆರ್ಮಡಿಲೊ ವಿಂಗಡಿಸಿದರು.

ಕಾಡಿನಲ್ಲಿ ಮರಕ್ಕೆ ಕ್ಯಾಮೆರಾ ಕಟ್ಟಿ ಬಿಟ್ಟಿರುತ್ತಾರಂತೆ. ಮುಂದೆ ಏನಾದರೂ ಅಲುಗಾಡಿದರೆ ಅದು ತಾನೇ ಫೋಟೊ ತೆಗೆಯುತ್ತದೆ. ಹಾಗೆ ರಾಶಿ ರಾಶಿ ಫೋಟೊ ಸೇರುತ್ತವೆ. ಅಷ್ಟನ್ನೂ ನೋಡಲು ವಿಜ್ಞಾನಿಗಳಿಗೆ ಪುರುಸೊತ್ತಿಲ್ಲ. ಆದ್ದರಿಂದ ಇಂಟರ್‌ನೆಟ್ಟಿಗೆ ಹಾಕುತ್ತಾರೆ. ನಮ್ಮವರಂಥ ಮಂದಿ ಊಟ ಮುಗಿಸಿ ಕೂತು, ಇದು ಜಿಂಕೆ, ಇದು ಕಾಡುಹಂದಿ ಎಂದು ಗುರುತು ಹಾಕುತ್ತಾರೆ. ಸಂಬಳವೂ ಇಲ್ಲ, ಯಾರೂ ಬೆನ್ನು ತಟ್ಟುವುದೂ ಇಲ್ಲ. ಮೊದಮೊದಲು ಅವರು ಆಫ್ರಿಕಾದ ಫೋಟೊ ನೋಡುತ್ತಿದ್ದರು. ಸಿಂಹವನ್ನು ಯಾರು ಬೇಕಾದರೂ ಸಿಂಹ ಎನ್ನುತ್ತಾರೆ, ಅದರಲ್ಲೇನಿದೆ ಎಂದು ಬೇಜಾರಾಗಿ ಆರ್ಮಡಿಲೊ ಕಡೆ ಬಂದರು. ಆಫೀಸಿನಲ್ಲಿ ಇಡೀ ದಿನ ಸಾಫ್ಟ್‌ವೇರಿನ ತಪ್ಪು ಹುಡುಕುವ ಕೆಲಸ. ಮನೆಗೆ ಬಂದರೆ ಇದು.

ಮಗಳು ಚಿಕ್ಕವಳಿದ್ದಾಗ ಅವರ ತೊಡೆಯ ಮೇಲೆ ಕೂರುತ್ತಿದ್ದಳು, ಆಮೇಲೆ ಪಕ್ಕದ ಕುರ್ಚಿಯಲ್ಲಿ. ಡಾಗಿಸ್‌ನಲ್ಲಿ ಅಂದರೆ ಇಲ್ಲಿನ ಶಿಶುವಿಹಾರದಲ್ಲಿ, ಬೇರೆ ಮಕ್ಕಳು ಬೆಕ್ಕು, ಕುದುರೆ ಬರೆದರೆ ಇವಳು ಪಟ್ಟೆ ಪಟ್ಟೆಯ ಏನನ್ನೋ ಬರೆದಳೆಂದು ಅಲ್ಲಿನ ಟೀಚರ್ ನನ್ನನ್ನು ಕರೆದು, ಮನೆಯಲ್ಲಿ ಎಲ್ಲ ಸರಿಯಾಗಿದೆಯಾ ಎಂದು ಮೆಲ್ಲಗೆ ವಿಚಾರಿಸಿದ್ದರು. ನಾನು ಒಲೆಯ ಮುಂದೆ ಚಪಾತಿ ಬೇಯಿಸುತ್ತಿದ್ದರೆ ಬೆನ್ನ ಹಿಂದಿನಿಂದ ಒಂದೇ ಮಾತು ಕೇಳಿಸುತ್ತಿತ್ತು: "ಪಟ್ಟೆ ಎಣಿಸಬೇಡ ಮಗಾ, ಕಿವಿ ನೋಡು." ಕೇಳಿ ಕೇಳಿ ಸಾಕಾಗಿ ಒಂದು ದಿನ, ಅದರ ಕಿವಿ ನೋಡಿದ್ದು ಸಾಕು, ಈ ಕಡೆಗೂ ಸ್ವಲ್ಪ ಕಿವಿ ಕೊಡಿ, ತಟ್ಟೆ ಇಡಬೇಕು, ಮೇಜು ಖಾಲಿ ಮಾಡಿ ಎಂದಿದ್ದೆ. ಇಬ್ಬರೂ ನಕ್ಕು ಲ್ಯಾಪ್‌ಟಾಪನ್ನು ಒಂದು ಗೇಣು ಪಕ್ಕಕ್ಕೆ ಸರಿಸಿದರು. ಮುಚ್ಚಲಿಲ್ಲ.

ನಮ್ಮವರು ತೀರಿಕೊಂಡದ್ದು ಹೋದ ವರ್ಷ, ಚಳಿ ಇನ್ನೂ ಪೂರ್ತಿ ಬಿಟ್ಟಿರದ ದಿನಗಳಲ್ಲಿ. ಬೆಳಿಗ್ಗೆ ಆಫೀಸಿಗೆ ಹೋದರು, ಮಧ್ಯಾಹ್ನ ಆಸ್ಪತ್ರೆಯಿಂದ ನನಗೆ ಫೋನ್ ಬಂತು. ಅದರ ಬಗ್ಗೆ ಇಲ್ಲಿ ಇಷ್ಟೇ ಬರೆಯಬಲ್ಲೆ.

ವರ್ಷದ ತಿಥಿಯನ್ನು ಮಂಡ್ಯದಲ್ಲಿ ಅತ್ತೆಯ ಮನೆಯಲ್ಲಿ ಮಾಡಿದೆವು. ಹನ್ನೊಂದು ವರ್ಷದ ಮಗಳು ಅಪ್ಪನ ಫೋಟೊ ಇಟ್ಟಿದ್ದ ಕೋಣೆಗೆ ಕಾಲಿಡಲಿಲ್ಲ. ಟೆರೇಸಿನ ನೀರಿನ ಟ್ಯಾಂಕಿನ ಹಿಂದೆ ಕೂತವಳು ಊಟಕ್ಕೂ ಇಳಿದು ಬರಲಿಲ್ಲ. ನೆಂಟರು ಒಬ್ಬೊಬ್ಬರಾಗಿ ಮೆಟ್ಟಿಲು ಹತ್ತಿ ಹೋಗಿ ಬುದ್ಧಿ ಹೇಳಿ ಇಳಿದು ಬಂದರು. ಇಲ್ಲಿಗೆ ವಾಪಸಾದ ಮೇಲೂ ಅದೇ. ಹಾಲ್‌ನಲ್ಲಿ ಫೋಟೊ ಇದ್ದರೆ ನೆಲ ನೋಡಿಕೊಂಡು ದಾಟುತ್ತಿದ್ದಳು, ತಟ್ಟೆ ತೆಗೆದುಕೊಂಡು ತನ್ನ ಕೋಣೆಗೆ ಹೋಗಿ ಉಣ್ಣುತ್ತಿದ್ದಳು. ಕೊನೆಗೆ ನಾನೇ ಫೋಟೊವನ್ನು ಒಂದು ಟವೆಲಿನಲ್ಲಿ ಸುತ್ತಿ ಕಪಾಟಿನಲ್ಲಿಟ್ಟೆ. ಅಪ್ಪನ ವಿಷಯ ತೆಗೆದರೆ ಸ್ವೀಡಿಷಿನಲ್ಲಿ, ನನಗೆ ಹೋಮ್‌ವರ್ಕ್ ಇದೆ ಎನ್ನುತ್ತಿದ್ದಳು. ಹೋಮ್‌ವರ್ಕ್ ಇರುತ್ತಿರಲಿಲ್ಲ.

ಪಿತೃಪಕ್ಷ ಬಂತು. ನಮ್ಮ ಕಡೆ ತೀರಿಹೋದವರಿಗೆ ಎಡೆ ಇಡುತ್ತೇವೆ. ಬಾಳೆ ಎಲೆಯ ಮೇಲೆ ಅವರಿಗೆ ಇಷ್ಟವಾದ ಅಡುಗೆ, ಪಕ್ಕದಲ್ಲಿ ಹೊಸ ಬಟ್ಟೆ, ಅವರು ಇಷ್ಟಪಡುತ್ತಿದ್ದ ಯಾವುದಾದರೂ ಪದಾರ್ಥ. ನನ್ನ ಮಾವನಿಗೆ ಬೀಡಿ ಕಟ್ಟು ಇಡುತ್ತಾರೆ, ಅವರ ತಾಯಿಗೆ ನಶ್ಯದ ಡಬ್ಬಿ. ಎಲ್ಲ ಇಟ್ಟು, ಧೂಪ ಹಾಕಿ, ಬಾಗಿಲು ಮುಚ್ಚಿ ಎಲ್ಲರೂ ಹೊರಗೆ ಬರಬೇಕು. ಬಂದವರು ನೆಮ್ಮದಿಯಾಗಿ ಉಣ್ಣಲಿ ಎಂದು. ಸ್ವಲ್ಪ ಹೊತ್ತಿನ ಮೇಲೆ ಬಾಗಿಲು ತಟ್ಟಿ ಒಳಗೆ ಹೋಗಿ ನಾವು ಉಣ್ಣಬೇಕು. ತಿಥಿಯಲ್ಲಾದರೂ ಪುರೋಹಿತರಿದ್ದರು, ಎಡೆ ಇಡುವುದು ಮನೆಯವರೇ. ನಮ್ಮವರಿಗೆ ಮನೆಯವರು ಅಂದರೆ ಇಲ್ಲಿ ನಾನು ಮತ್ತು ಇವಳು. ಇವಳು ಬರದಿದ್ದರೆ ಎಡೆಯ ಮುಂದೆ ನಾನೊಬ್ಬಳೇ ಕೂರಬೇಕು. ಅದು ನನ್ನಿಂದ ಆಗುವುದಿಲ್ಲ ಅನ್ನಿಸಿತು. ಹಾಗೆಂದು ಅವಳಿಗೆ ಹೇಳಿಯೂ ಬಿಟ್ಟೆ.

ಅಪ್ಪನ ಆರ್ಮಡಿಲೊ ಇಟ್ಟರೆ ಬರುತ್ತೇನೆ ಎಂದಳು.

ಯಾವುದು ಎಂದು ಕೇಳಿದೆ. ಅಪ್ಪನಿಗೆ ಇಷ್ಟವಾದದ್ದು ಎಂದಳು. ಅದೇ, ಯಾವ ಜಾತಿಯದು ಎಂದೆ. ನಿನಗೆ ಗೊತ್ತಿರಬೇಕು ಎಂದು ಕೋಣೆಯ ಬಾಗಿಲು ಹಾಕಿಕೊಂಡಳು. ಮರುದಿನ ಕೇಳಿದರೂ ಅದೇ ಉತ್ತರ, ಅದರ ಮರುದಿನವೂ ಅದೇ. ಸತ್ತವರ ಮೇಲೆ ಸಿಟ್ಟು ಮಾಡಬಾರದು ಅನ್ನುತ್ತಾರೆ. ಇದ್ದಾಗ ಮಗಳಿಗೆ ಎಲ್ಲ ಕಲಿಸಿ, ಹೋಗುವಾಗ ಪರೀಕ್ಷೆ ಮಾತ್ರ ನನಗೆ ಬಿಟ್ಟುಹೋದ ಮನುಷ್ಯನ ಮೇಲೆ ಸಿಟ್ಟು ಬಾರದೆ ಇರುತ್ತದೆಯೆ?

ನಾನು ಓದಿದ್ದು ಪಿಯುಸಿವರೆಗೆ. ಕೆಲಸ ಇಲ್ಲಿನ ಒಂದು ಶಾಲೆಯ ಅಡುಗೆಮನೆಯಲ್ಲಿ. ಹೋಗುವಾಗ ಬರುವಾಗ ಬಸ್ಸಿನಲ್ಲಿ ಫೋನ್ ತೆರೆದು ಆರ್ಮಡಿಲೊ ನೋಡತೊಡಗಿದೆ. ಮೊದಲು ಸುಲಭ ಅನ್ನಿಸಿತು. ಮೂರು ಪಟ್ಟೆಯದು, ಆರು ಪಟ್ಟೆಯದು, ಏಳು ಪಟ್ಟೆಯದು, ಒಂಬತ್ತು ಪಟ್ಟೆಯದು ಎಂದು ಹೆಸರುಗಳಿದ್ದವು. ಎಣಿಸಿದರೆ ಮುಗಿಯಿತಲ್ಲ. ಒಂಬತ್ತು ಪಟ್ಟೆಯದರ ಫೋಟೊ ಹಿಗ್ಗಿಸಿ ಎಣಿಸಿದೆ. ಎಂಟು ಬಂತು. ಇನ್ನೊಂದು ಫೋಟೊ ತೆಗೆದೆ. ಅದರಲ್ಲೂ ಎಂಟು. ಕೆಳಗೆ ಸಣ್ಣ ಅಕ್ಷರದಲ್ಲಿ, ಒಂಬತ್ತು ಪಟ್ಟೆಯದಕ್ಕೆ ಏಳರಿಂದ ಹನ್ನೊಂದರವರೆಗೆ ಎಷ್ಟು ಬೇಕಾದರೂ ಪಟ್ಟೆ ಇರಬಹುದು ಎಂದು ಬರೆದಿತ್ತು. ಆರು ಪಟ್ಟೆಯದಕ್ಕೆ ಎಂಟೂ ಇರಬಹುದಂತೆ. ಹಾಗಾದರೆ ಆ ಹೆಸರು ಯಾಕೆ ಇಟ್ಟಿರಿ ಎಂದು ನಾನು ಬಸ್ಸಿನಲ್ಲಿ ಕನ್ನಡದಲ್ಲೇ, ಸ್ವಲ್ಪ ಜೋರಾಗಿಯೇ ಅಂದುಬಿಟ್ಟೆ. ಪಕ್ಕದ ಸೀಟಿನ ಹೆಂಗಸು ತನ್ನ ಬ್ಯಾಗನ್ನು ಮಡಿಲಿಗೆ ಎಳೆದುಕೊಂಡಳು.

ಪಟ್ಟೆ ಬಿಟ್ಟು ಕಿವಿ ನೋಡಿದೆ. ಅಲ್ಲಿಂದ ಸ್ವಲ್ಪ ದಾರಿ ಕಂಡಿತು. ಒಂಬತ್ತು ಪಟ್ಟೆಯದಕ್ಕೆ ಹೇಸರಗತ್ತೆಯ ಹಾಗೆ ಉದ್ದ ಕಿವಿ, ಎರಡೂ ನೆತ್ತಿಯ ಮೇಲೆ ಒತ್ತೊತ್ತಾಗಿ. ಬಾಲ ಉದ್ದ, ಉಂಗುರ ಉಂಗುರವಾಗಿ ಸಣ್ಣಗಾಗುತ್ತ ಹೋಗುತ್ತದೆ. ಆರು ಪಟ್ಟೆಯದರ ಬಣ್ಣ ಹಳದಿ, ತಲೆ ಚಪ್ಪಟೆ, ಕಿವಿ ಚಿಕ್ಕವು ಮತ್ತು ದೂರ ದೂರ. ಬೆನ್ನ ಮೇಲೆ ಅಲ್ಲೊಂದು ಇಲ್ಲೊಂದು ನೆಟ್ಟಗಿನ ಕೂದಲು. ಹೆಚ್ಚು ಕೂದಲಿದ್ದರೆ ಅದು ಇನ್ನೊಂದು ಜಾತಿ. ಅದನ್ನು ಹಿಡಿದರೆ ಕಿರುಚುತ್ತದಂತೆ. ಮೂರು ಪಟ್ಟೆಯದು ಮುಂಗಾಲಿನ ಉಗುರಿನ ತುದಿಯ ಮೇಲೆ ನಡೆಯುತ್ತದೆ, ಹೈಹೀಲ್ಡ್ ಹಾಕಿಕೊಂಡವರ ಹಾಗೆ. ಹೆದರಿದರೆ ಪೂರ್ತಿ ಚೆಂಡಾಗುವುದು ಅದೊಂದೇ. ಆರ್ಮಡಿಲೊ ಎಲ್ಲ ಚೆಂಡಾಗುತ್ತವೆ ಎಂಬುದು ಸುಳ್ಳು. ಬಾಲ ಬೋಳಾದ ಒಂದು ಜಾತಿಯಿದೆ. ಮೈ ತುಂಬ ಹತ್ತು ಹನ್ನೆರಡು ಪಟ್ಟೆ, ಬಾಲಕ್ಕೆ ಮಾತ್ರ ಕವಚವಿಲ್ಲ. ಕೋಟು ಹಾಕಿ ಪಂಚೆ ಉಡಲು ಮರೆತವನ ಹಾಗೆ ಕಾಣುತ್ತದೆ. ದೊಡ್ಡದು ಒಂದಿದೆ, ಹಂದಿಯಷ್ಟು. ಅದರ ಮುಂಗಾಲಿನ ನಡುವಿನ ಉಗುರು ಕುಡುಗೋಲಿನಂತಿದೆ. ಮರಳಿನೊಳಗೆ ಇರುವ ಗುಲಾಬಿ ಬಣ್ಣದ್ದು ಅಂಗೈಯಲ್ಲಿ ಹಿಡಿಯುತ್ತದೆ.

ಒಂಬತ್ತು ಪಟ್ಟೆಯದರ ತಾಯಿ ಪ್ರತಿ ಸಲ ನಾಲ್ಕು ಮರಿ ಹಾಕುತ್ತದೆ, ನಾಲ್ಕೂ ಒಂದೇ ಅಚ್ಚಿನವು ಎಂದು ಓದಿದಾಗ ಆ ತಾಯಿಯನ್ನು ನೆನೆದು ಅಯ್ಯೋ ಅನ್ನಿಸಿತು.

ಇಷ್ಟು ಕಲಿತರೂ ನಮ್ಮವರಿಗೆ ಯಾವುದು ಇಷ್ಟ ಎಂಬುದು ಎಲ್ಲೂ ಬರೆದಿರಲಿಲ್ಲ. ಅವರ ಜೊತೆ ಕೆಲಸ ಮಾಡುತ್ತಿದ್ದ ಹುಬ್ಬಳ್ಳಿ ಕಡೆಯ ಗೆಳೆಯರೊಬ್ಬರಿದ್ದಾರೆ. ನಮ್ಮ ಮನೆಯ ಕಷ್ಟಸುಖಕ್ಕೆಲ್ಲ ಅವರೇ. ಫೋನ್ ಮಾಡಿ ಕೇಳಿದೆ. ಒಂದು ಕ್ಷಣವೂ ಯೋಚಿಸದೆ ಹೇಳಿದರು: "ಮೂರು ಪಟ್ಟೇದೇ ಭಾಬಿ, ಅದರಾಗ ಡೌಟೇ ಇಲ್ಲ. ಮೀಟಿಂಗ್ ಉದ್ದ ಆದ್ರೆ ನನ್ನ ಕಡೆ ತಿರುಗಿ, ನಾನು ಚೆಂಡಾಗ್ತೀನಿ ಕಣೋ, ಮುಗಿದ ಮೇಲೆ ಉರುಳಿಸ್ಕೊಂಡು ಹೋಗು ಅಂತಿದ್ದ." ಸರಿ, ಮೂರು ಪಟ್ಟೆಯದು ಅಂದುಕೊಂಡೆ. ಸಂಜೆ ನಮ್ಮ ಕನ್ನಡದವರ ಗುಂಪಿನ ಒಬ್ಬ ಹೆಂಗಸು, ನನ್ನನ್ನು ಅಕ್ಕ ಅಕ್ಕ ಎನ್ನುವ ಬೆಂಗಳೂರಿನವಳು, ಛೇ, ದೊಡ್ಡದೇ ಅಕ್ಕ, ಉಗಾದಿ ಊಟದ ದಿನ ನಮ್ಮ ಯಜಮಾನರಿಗೆ ಅದರ ಉಗುರಿನ ಬಗ್ಗೆ ಪಾಯಸ ಆರಿಹೋಗುವ ತನಕ ಹೇಳಿದ್ದರಲ್ಲ ಎಂದಳು.

ಅತ್ತೆಗೆ ವಿಡಿಯೊ ಕಾಲ್‌ನಲ್ಲಿ ವಿಷಯ ತಿಳಿಸಿದ್ದು ನಾನು ಮಾಡಿದ ದೊಡ್ಡ ತಪ್ಪು. ಅವರು ಕೇಳಿದ್ದೇ ಬೇರೆ. ಆ ಪ್ರಾಣಿ ತಮ್ಮ ಊರಿನ ಗುಡ್ಡದಲ್ಲೂ ಇತ್ತು, ಅದರ ಹೆಸರು ಚಿಪ್ಪಂದಿ, ಅದು ಮನೆಯೊಳಗೆ ಬಂದರೆ ಅಪಶಕುನ, ಎಡೆಯ ಹತ್ತಿರವಂತೂ ಕೂಡದು. ಇದು ಚಿಪ್ಪುಹಂದಿಯಲ್ಲ, ಅದಕ್ಕೂ ಇದಕ್ಕೂ ನೆಂಟಸ್ತಿಕೆಯೇ ಇಲ್ಲ, ಇದಕ್ಕೆ ಚಿಪ್ಪು ಒಂದರ ಮೇಲೊಂದು ಇರುವುದಿಲ್ಲ ಎಂದು ಹೇಳಿ ನನ್ನ ಗಂಟಲು ಬಿತ್ತು. ಎಲ್ಲ ಕೇಳಿ, "ಅದೇ ಕಣವ್ವ, ಚಿಪ್ಪಂದಿ" ಎಂದರು. ಅದಾದ ಮೇಲೆ ಅಮಾವಾಸ್ಯೆಯ ವಿಷಯಕ್ಕೆ ಜಗಳ. ಮಹಾಲಯ ಅಮಾವಾಸ್ಯೆ ವಾರದ ನಡುವೆ ಬಂದಿತ್ತು. ನನಗೆ ರಜೆಯಿಲ್ಲ, ಶನಿವಾರ ಮಾಡುತ್ತೇನೆ ಎಂದೆ. ಅಮಾವಾಸ್ಯೆಯನ್ನು ಶನಿವಾರಕ್ಕೆ ತಳ್ಳುವಷ್ಟು ದೊಡ್ಡವಳಾದೆಯಾ ಎಂದರು. ಕೊನೆಗೆ, ತಾವು ಪೂರ್ತಿ ಹೊತ್ತು ವಿಡಿಯೊದಲ್ಲಿ ಇದ್ದು ನೋಡುವುದಾದರೆ ಆಗಲಿ ಎಂದು ಒಪ್ಪಿದರು.

ಅಷ್ಟರಲ್ಲಿ ಬೆಂಗಳೂರಿನ ಗೆಳತಿ ನನ್ನನ್ನು ಕೇಳದೆ ವಾಟ್ಸಾಪ್ ಗುಂಪಿನಲ್ಲಿ, ಅಕ್ಕನಿಗೆ ಎಡೆಗೆ ಆರ್ಮಡಿಲೊ ಬೇಕು, ಯಾರ ಮನೆಯ ಮಕ್ಕಳ ಆಟದ ಸಾಮಾನಿನಲ್ಲಾದರೂ ಇದ್ದರೆ ಕೊಡಿ ಎಂದು ಹಾಕಿಬಿಟ್ಟಿದ್ದಳು. ಜನ ಒಳ್ಳೆಯವರು. ತೊಂದರೆಯೇ ಅದು. ಬಾಗಿಲ ಹಿಡಿಕೆಗೆ ಚೀಲ ನೇತುಹಾಕಿ ಹೋದರು, ಬಸ್ ಸ್ಟಾಪಿಗೆ ತಂದುಕೊಟ್ಟರು. ಆಮೆ ಬಂತು. ಇನ್ನೊಂದು ಆಮೆ ಬಂತು. ಇಲ್ಲಿನ ತೋಟಗಳಲ್ಲಿ ಓಡಾಡುವ ಪುಟ್ಟ ಮುಳ್ಳುಹಂದಿಯ ಪಿಂಗಾಣಿ ಗೊಂಬೆ ಬಂತು. ಹುಬ್ಬಳ್ಳಿಯ ಗೆಳೆಯರು ಅಂಗಡಿಯಿಂದ ಆ ಬಟ್ಟೆಯ ಗೊಂಬೆ ತಂದು, ಹೊಟ್ಟೆ ಒತ್ತಿದರೆ ಮುದುರುತ್ತದೆ ನೋಡಿ ಎಂದು ಒತ್ತಿ ತೋರಿಸಿದರು. ಅದು ಮುದುರಲಿಲ್ಲ. ಕೊನೆಗೆ ಅತ್ತೆಯ ಮಾತು ನಿಜ ಮಾಡಲೋ ಎಂಬಂತೆ ಮರದ ಚಿಪ್ಪುಹಂದಿಯೂ ಬಂತು. ಪ್ರತಿಯೊಬ್ಬರಿಗೂ ಥ್ಯಾಂಕ್ಸ್ ಹೇಳಿದೆ, ಮನೆಯೊಳಗೆ ಬಂದವರಿಗೆ ಕಾಫಿ ಕೊಟ್ಟು ಕಳಿಸಿದೆ. ಮಗಳು ಸಾಲನ್ನು ಒಮ್ಮೆ ನೋಡಿ ಒಳಗೆ ಹೋದಳು.

ಇನ್ನು ಯಾರನ್ನೂ ನಂಬುವುದಿಲ್ಲವೆಂದು ಶುಕ್ರವಾರ ಸಂಜೆ ತಂಬಿಟ್ಟು ಕಲಸಿದೆ. ಹುರಿದ ಅಕ್ಕಿಹಿಟ್ಟು, ಹುರಿಗಡಲೆ, ಬೆಲ್ಲ, ತುಪ್ಪ. ಹೇಗಿದ್ದರೂ ಅವರಿಗೆ ಇಷ್ಟ. ಉಂಡೆ ಕಟ್ಟುವ ಬದಲು ಆರ್ಮಡಿಲೊ ಕಟ್ಟಿದರಾಯಿತು. ಯಾವುದು ಇಷ್ಟವೋ ತಿಳಿಯದ್ದರಿಂದ ನಾಲ್ಕು ಜಾತಿ ಮಾಡಿದೆ. ಮೂರು ಪಟ್ಟೆಯದು, ಆರು ಪಟ್ಟೆಯದು, ಒಂಬತ್ತು ಪಟ್ಟೆಯದು, ದೊಡ್ಡದು. ಪಟ್ಟೆಗೆ ಫೋರ್ಕಿನಿಂದ ಒತ್ತಿದೆ. ಕಿವಿಗೆ ಬಾದಾಮಿ ಸೀಳು, ಒಂಬತ್ತರದಕ್ಕೆ ಒತ್ತೊತ್ತಾಗಿ, ಆರರದಕ್ಕೆ ದೂರ ದೂರ. ಕೂದಲಿಗೆ ಶ್ಯಾವಿಗೆ. ಒಂಬತ್ತರ ಬಾಲಕ್ಕೇ ಹೆಚ್ಚು ಹೊತ್ತು ಹಿಡಿಯಿತು. ದಾರ ಸುತ್ತಿ ಎಳೆದು ಎಳೆದು ಒಂದೊಂದು ಉಂಗುರ ಮೂಡಿಸಬೇಕು. ತುಪ್ಪ ಹೆಚ್ಚಾದರೆ ಬಾಲ ಜೋತುಬೀಳುತ್ತದೆ, ಕಮ್ಮಿಯಾದರೆ ಮುರಿಯುತ್ತದೆ. ಎರಡು ಸಲ ಮುರಿದು ಮೂರನೆಯದು ನಿಂತಿತು.

ಶನಿವಾರ ಹುಬ್ಬಳ್ಳಿಯ ಗೆಳೆಯರು ಬಾಳೆ ಎಲೆ ತಂದರು, ಬೆಂಗಳೂರಿನವಳು ವಡೆ ಕರಿದಳು. ನಾನು ಮಟನ್ ಸಾರು, ಕಜ್ಜಾಯ, ಮುದ್ದೆ ಮಾಡಿದೆ. ಎಡೆಯ ಅಡುಗೆಯನ್ನು ಇಡುವ ಮೊದಲು ರುಚಿ ನೋಡುವಂತಿಲ್ಲ, ಕಣ್ಣಂದಾಜಿನಲ್ಲೇ ಎಲ್ಲ. ಸಾಂಬ್ರಾಣಿ ಹೊಗೆಗೆ ಚಾವಣಿಯ ಬೆಂಕಿ ಅಲಾರಂ ಬಡಿದುಕೊಳ್ಳದಿರಲಿ ಎಂದು ಅದಕ್ಕೆ ಸ್ನಾನದ ಟೋಪಿ ತೊಡಿಸಿದೆವು. ಕಪಾಟಿನಲ್ಲಿದ್ದ ಫೋಟೊ ಹೊರಗೆ ತೆಗೆದು ಒರೆಸಿ ಹೂ ಮುಡಿಸಿದೆ. ಅತ್ತೆಯನ್ನು, ಅಂದರೆ ಫೋನನ್ನು, ಹಿತ್ತಾಳೆ ಚೊಂಬಿಗೆ ಒರಗಿಸಿ ಎಡೆಯ ಕಡೆ ತಿರುಗಿಸಿಟ್ಟೆ. ನಾಲ್ಕೂ ಆರ್ಮಡಿಲೊಗಳನ್ನು ತಟ್ಟೆಯಲ್ಲಿಟ್ಟು ಮಗಳನ್ನು ಕರೆದೆ.

ಅವಳು ಫೋಟೊ ಕಡೆ ನೋಡದೆ ಗೋಡೆಯ ಪಕ್ಕದಲ್ಲೇ ಬಂದು ತಟ್ಟೆಯ ಮೇಲೆ ಬಗ್ಗಿದಳು. ಒಂದೊಂದನ್ನೇ ಬೆರಳಿಟ್ಟು ಹೇಳಿದಳು. ಇದು ಒಂಬತ್ತು. ಇದು ಆರು, ಕಿವಿ ಸ್ವಲ್ಪ ದೊಡ್ಡದಾಯಿತು. ಇದು ದೊಡ್ಡದು. ಇದು ಮೂರು. ನಾಲ್ಕೂ ಸರಿ. ಎಸ್ಸೆಸ್ಸೆಲ್ಸಿ ರಿಸಲ್ಟ್ ಬಂದ ದಿನವೂ ನನ್ನ ಎದೆ ಹಾಗೆ ಹೊಡೆದುಕೊಂಡಿರಲಿಲ್ಲ. ಆಮೇಲೆ ಅವಳು ಕನ್ನಡದಲ್ಲಿ, ಮೆಲ್ಲಗೆ ಹೇಳಿದಳು.

"ಚೆನ್ನಾಗಿದೆ ಅಮ್ಮ. ಆದ್ರೆ ಅಪ್ಪಂದು ಇಲ್ಲ."

ನನ್ನ ತಾಳ್ಮೆ ಅಲ್ಲಿಗೆ ಮುಗಿಯಿತು. "ಹಾಗಾದ್ರೆ ಯಾವ ಜಾತೀದು ಅಂತ ಬಾಯ್ಬಿಟ್ಟು ಹೇಳು. ಇಪ್ಪತ್ತು ಜಾತಿ ಇದೆ. ಮಿಕ್ಕಿದ್ದೆಲ್ಲಾನೂ ಮಾಡ್ಲಾ? ಇವತ್ತು ಮಾಡ್ಲಾ, ಮುಂದಿನ ವರ್ಷಕ್ಕೆ ಮಾಡ್ಲಾ?"

"ಜಾತಿ ಅಲ್ಲ. ನೀನು ಬರೀ ಜಾತೀನೇ ಕೇಳಿದೆ."

ಅಲ್ಲಿಯೇ ನಿಂತು, ಅರ್ಧ ಕನ್ನಡ ಅರ್ಧ ಸ್ವೀಡಿಷಿನಲ್ಲಿ ಹೇಳಿದಳು. ಕಾಡಿನ ಕ್ಯಾಮೆರಾ ಕೆಲವು ಸಲ ತಡ ಮಾಡುತ್ತದೆ. ಪ್ರಾಣಿ ದಾಟಿಹೋದ ಮೇಲೆ ಕ್ಲಿಕ್ ಅನ್ನುತ್ತದೆ. ಫೋಟೊದಲ್ಲಿ ಹುಲ್ಲು, ನೆಲ, ಒಂದು ಮೂಲೆಯಲ್ಲಿ ಬಾಲ, ಅಷ್ಟೆ. ಅಂಥದಕ್ಕೆಂದೇ 'ಗೊತ್ತಾಗುವುದಿಲ್ಲ' ಎಂಬ ಒಂದು ಬಟನ್ ಇದೆ. ಎಲ್ಲರೂ ಅದನ್ನು ಒತ್ತಿ ಮುಂದೆ ಹೋಗುತ್ತಾರೆ. ಅಪ್ಪ ಒತ್ತುತ್ತಿರಲಿಲ್ಲ. ಬಾಲ ಬಂದರೆ ಕುರ್ಚಿ ಹತ್ತಿರ ಎಳೆದುಕೊಳ್ಳುತ್ತಿದ್ದರು. ಉಂಗುರ ಇದೆಯಾ, ಬೋಳಾ, ಬುಡ ದಪ್ಪವಾ, ನೆಲದ ಮೇಲೆ ಎಳೆದ ಗೆರೆ ಇದೆಯಾ ಎಂದು ಇಬ್ಬರೂ ನೋಡುತ್ತಿದ್ದರು. ಅಪ್ಪ ಹೇಳುತ್ತಿದ್ದ ಮಾತನ್ನು ಅವಳು ಅಪ್ಪನ ದನಿಯಲ್ಲೇ ಹೇಳಿದಳು: "ಹೋದೋನು ಹೋದ, ಬಾಲ ಬಿಟ್ಟು ಹೋಗಿದ್ದಾನಲ್ಲ, ನೋಡಣ ತಡಿ."

ಆ ದನಿಗೆ ಹುಬ್ಬಳ್ಳಿಯ ಗೆಳೆಯರು ಅಡುಗೆಮನೆಗೆ ಹೋಗಿ ನಲ್ಲಿ ತಿರುಗಿಸಿ ಸುಮ್ಮನೆ ಕೈ ತೊಳೆಯತೊಡಗಿದರು.

ಇದನ್ನು ಮೊದಲೇ ಹೇಳಿದ್ದರೆ ನಾನು ಮೂತಿ, ಕಿವಿ, ಉಗುರು ಅಂತ ಇಷ್ಟೆಲ್ಲ ಮಾಡುತ್ತಿರಲಿಲ್ಲವಲ್ಲೇ ಎಂದೆ. ಅವಳು ನನ್ನ ಒಂಬತ್ತು ಪಟ್ಟೆಯದನ್ನು ಕೈಗೆತ್ತಿಕೊಂಡು ಬಾಲವನ್ನು ಪಟ್ಟನೆ ಮುರಿದಳು. ಮೂರನೇ ಸಲಕ್ಕೆ ನಿಂತಿದ್ದ ಬಾಲ. ಅದನ್ನು ಎಲೆಯ ಅಂಚಿನಲ್ಲಿ, ದಪ್ಪ ಬುಡ ಹೊರಗಡೆಗೆ, ಚೂಪು ತುದಿ ಒಳಗಡೆಗೆ ಬರುವಂತೆ ಇಟ್ಟು, ಸ್ವಲ್ಪ ಓರೆ ಮಾಡಿದಳು. ಪ್ರಾಣಿ ಆಗಷ್ಟೇ ಎಲೆ ದಾಟಿಹೋದ ಹಾಗೆ ಕಂಡಿತು. ಉಳಿದ ಮೂರೂವರೆ ಆರ್ಮಡಿಲೊ ತಟ್ಟೆಯಲ್ಲೇ ಉಳಿದವು. ಇಟ್ಟವಳು ಫೋಟೊ ಕಡೆ ತಲೆ ಎತ್ತದೆ, ಕೂರದೆ, ಬಾಗಿಲ ಕಡೆ ನಡೆದಳು. ಬರುತ್ತೇನೆ ಅಂದಿದ್ದೆ ಬಂದೆ, ಇನ್ನೇನು ಎಂಬಂತೆ ಇತ್ತು ಆ ನಡಿಗೆ.

ಧೂಪ ಹಾಕಿ, ಕೈಮುಗಿದು, ಎಲ್ಲರೂ ಹೊರಗೆ ಬಂದು ಬಾಗಿಲು ಮುಚ್ಚಿದೆವು. ಊರಿನಲ್ಲಾದರೆ ಅಂಗಳವಿರುತ್ತದೆ, ಇಲ್ಲಿ ಹೊರಗೆ ಅಂದರೆ ಮೆಟ್ಟಿಲು. ನಾನು ರೇಷ್ಮೆ ಸೀರೆಯಲ್ಲಿ, ಕಾಲಿಗೆ ಚಪ್ಪಲಿಯಿಲ್ಲದೆ, ಕೈಯಲ್ಲಿ ಬೀಗದಕೈ ಹಿಡಿದು ನಿಂತೆ. ಗೆಳೆಯರಿಬ್ಬರೂ ಮೆಟ್ಟಿಲ ಮೇಲೆ ಕೂತರು, ಮಗಳು ನಾಲ್ಕು ಮೆಟ್ಟಿಲು ಕೆಳಗೆ. ಮೇಲಿನ ಮನೆಯ ಮುದುಕಿ ಪೇಟೆಯಿಂದ ಬಂದವರು ನಮ್ಮನ್ನು ನೋಡಿ, ಬೀಗದಕೈ ಒಳಗೇ ಉಳಿಯಿತಾ ಎಂದು ಕೇಳಿದರು. ಏನೋ ಒಂದು ಸುಳ್ಳು ಹೇಳಬಹುದಿತ್ತು. ಬೆಳಗಿನಿಂದ ನಿಂತು ನಿಂತು ಸುಸ್ತಾಗಿತ್ತು, ಸುಳ್ಳು ಹೊಳೆಯಲಿಲ್ಲ. ಇಲ್ಲ, ನನ್ನ ಗಂಡ ಊಟ ಮಾಡುತ್ತಿದ್ದಾರೆ ಎಂದೆ. ನಮ್ಮವರು ಹೋದದ್ದು ಅವರಿಗೆ ಗೊತ್ತಿತ್ತು. ಸ್ವಲ್ಪ ಹೊತ್ತು ನನ್ನ ಮುಖ ನೋಡಿ, ಸರಿ ಸರಿ, ಅವಸರವೇನಿಲ್ಲ ಎಂದು ಹೇಳಿ ಮೇಲೆ ಹೋದರು.

ಮೆಟ್ಟಿಲಿನ ದೀಪ ಸ್ವಲ್ಪ ಹೊತ್ತಿಗೆ ತಾನೇ ಆರಿಹೋಗುತ್ತದೆ. ಆರಿತು. ಯಾರೂ ಎದ್ದು ಗುಂಡಿ ಒತ್ತಲಿಲ್ಲ. ಆ ಕತ್ತಲಲ್ಲಿ, ಮುಚ್ಚಿದ ಬಾಗಿಲ ಒಳಗಿನಿಂದ, ಯಾರೋ ಮಾತಾಡಿದರು.

ಬೆಂಗಳೂರಿನವಳು ನನ್ನ ಸೆರಗು ಹಿಡಿದುಕೊಂಡಳು. ನಾನು ಬಾಗಿಲಿಗೆ ಕಿವಿ ಇಟ್ಟೆ. ಆಮೇಲೆ ಹೊಳೆಯಿತು. ಫೋನು ಒಳಗೇ ಉಳಿದಿದೆ. ಯಾರೂ ಇರಬಾರದು ಎಂದು ಎಲ್ಲರೂ ಹೊರಗೆ ಬಂದು, ಅತ್ತೆಯನ್ನು ಎಡೆಯ ಮುಂದೆಯೇ ಬಿಟ್ಟು ಬಾಗಿಲು ಹಾಕಿದ್ದೇವೆ. ಶಾಸ್ತ್ರ ಶಾಸ್ತ್ರ ಎಂದು ನನ್ನ ಪ್ರಾಣ ತಿಂದವರು ಅವರೇ. ಫೋನ್ ಕಟ್ ಮಾಡಬೇಕೆಂಬ ಶಾಸ್ತ್ರ ಅವರಿಗೂ ನೆನಪಾಗಿರಲಿಲ್ಲ. ಅಥವಾ ಕೋಣೆ ಖಾಲಿಯಾದದ್ದನ್ನು ನೋಡಿಯೇ ಉಳಿದುಕೊಂಡರೋ, ನನಗೆ ಗೊತ್ತಿಲ್ಲ, ನಾನು ಕೇಳಿಲ್ಲ.

"ತಿನ್ನು ಮಗಾ," ಎನ್ನುತ್ತಿದ್ದರು. "ನಿಧಾನಕ್ಕೆ ತಿನ್ನು. ಸಾರಿಗೆ ಉಪ್ಪು ಕಮ್ಮಿ ಆಗಿದ್ರೆ ಏನೂ ಅನ್ಕಬೇಡ. ನಿನ್ ಎಂಡ್ರು ಮೊದ್ಲಿಂದ್ಲೂವೆ ಉಪ್ಪು ಕಮ್ಮಿನೇ ಆಕದು."

ಕತ್ತಲಲ್ಲಿ ಯಾರೋ ನಗು ತಡೆದುಕೊಂಡರು. ನಾನಲ್ಲ.

ಒಳಗೆ ಮೂಗು ಒರೆಸಿಕೊಂಡ ಸದ್ದು. ಆಮೇಲೆ ಮತ್ತೆ: "ಅದೇನ್ ಮಗಾ ಎಲೆ ತುದೀಲಿ? ಹಲ್ಲಿ ಬಾಲ ಇದ್ದಂಗದೆ. ಅಯ್ಯೋ, ಎಡೆಗೆ ಹಲ್ಲಿ ಬಿದ್ದದಲ್ಲಪ್ಪಾ. ಯಾರವ್ವ ಅಲ್ಲಿ? ತಗೀರವ್ವ ಅದ್ನ."

ಮಗಳು ನಾಲ್ಕು ಮೆಟ್ಟಿಲನ್ನು ಎರಡೇ ಹೆಜ್ಜೆಯಲ್ಲಿ ಹತ್ತಿ ಬಂದಳು. ನನ್ನ ಕೈಯಿಂದ ಬೀಗದಕೈ ಕಿತ್ತುಕೊಂಡಳು. ಅಷ್ಟು ಅವಸರದಲ್ಲೂ ಬಾಗಿಲನ್ನು ಮೂರು ಸಲ ತಟ್ಟಿದಳು. ತಟ್ಟಿ ಒಳಗೆ ಹೋಗಬೇಕು ಎಂದು ನಾನು ಯಾವಾಗಲೋ ಹೇಳಿದ್ದನ್ನು ಕೇಳಿಸಿಕೊಂಡಿದ್ದಳು ಅಂತಾಯಿತು. ನಾವೆಲ್ಲ ಅವಳ ಹಿಂದೆ ಹೋದವರು ಹೊಸಿಲಲ್ಲೇ ನಿಂತೆವು.

ಅವಳು ನೇರವಾಗಿ ಹೋಗಿ ಎಡೆಯ ಮುಂದೆ ಚಕ್ಕಂಬಕ್ಕಳ ಹಾಕಿ ಕೂತು ಫೋನ್ ಎತ್ತಿಕೊಂಡಳು. "ಅಜ್ಜಿ, ಮುಟ್ಟಬೇಡ ಅದನ್ನ," ಎಂದಳು, ಅಜ್ಜಿ ಮಂಡ್ಯದಿಂದ ಕೈ ಚಾಚುತ್ತಾರೇನೋ ಎಂಬಂತೆ. "ಹಲ್ಲಿ ಅಲ್ಲ. ಅಪ್ಪಂದು."

ಅತ್ತೆ ಏನೋ ಅಂದರು. ನನಗೆ ಕೇಳಿಸಿದ್ದು ಚಿಪ್ಪಂದಿ ಎಂಬ ಪದ ಮಾತ್ರ.

"ಚಿಪ್ಪುಹಂದಿ ಅಲ್ಲ ಅಜ್ಜಿ! ಎಷ್ಟು ಸಲ ಹೇಳಬೇಕು? ನೋಡು, ಇಲ್ಲಿ ಉಂಗುರ ಇದೆ. ಚಿಪ್ಪುಹಂದಿಗೆ ಉಂಗುರ ಇರಲ್ಲ, ಎಲೆ ಎಲೆ ಥರ ಇರತ್ತೆ. ಅದು ಆ ಕಡೆ ಹೋಗ್ಬಿಟ್ಟಿದೆ, ಕಿವಿ ಕಾಣಲ್ಲ. ಕಿವಿ ಕಾಣದೇ ಇದ್ರೆ ಬಾಲ ನೋಡಬೇಕು." ಅಜ್ಜಿ ಇನ್ನೂ ಒಪ್ಪಲಿಲ್ಲ ಅನ್ನಿಸುತ್ತದೆ. ಅವಳು ಉಸ್ಸೆಂದು ಉಸಿರು ಬಿಟ್ಟು ತಲೆ ಎತ್ತಿದಳು. ಎದುರಿಗೇ ಫೋಟೊ ಇತ್ತು. "ನೀನೇ ಹೇಳಪ್ಪ ಇವರಿಗೆ," ಎಂದಳು.

ಅಂದವಳು ಆ ಕಡೆ ನೋಡುತ್ತಲೇ ಉಳಿದಳು. ಫೋನಿನಲ್ಲಿ ಅತ್ತೆ ಕೂಗುತ್ತಿದ್ದರು. ಕಾಣಲ್ಲ ಕಣವ್ವ, ಇತ್ಲಾಗೆ ತಿರುಗ್ಸು ಎಂದು. ಅವಳು ತಿರುಗಿಸಲಿಲ್ಲ. ನಾನು ಹೋಗಿ ಅವಳ ಪಕ್ಕದಲ್ಲಿ ಕೂತೆ. ಗೆಳೆಯರು ಅಲಾರಮ್ಮಿನ ಟೋಪಿ ತೆಗೆದು ಕಿಟಕಿ ತೆರೆದರು. ಊರಂಚಿನ ಜಲಸಂಧಿಯ ಕಡೆಯಿಂದ ಗಾಳಿ ನುಗ್ಗಿ ಸಾಂಬ್ರಾಣಿ ಹೊಗೆಯೆಲ್ಲ ಹೊರಗೆ ಹೋಯಿತು.

ಆಮೇಲೆ ಎಲ್ಲರೂ ಉಂಡೆವು. ಮಗಳು ತಟ್ಟೆ ತೆಗೆದುಕೊಂಡು ಕೋಣೆಗೆ ಹೋಗಲಿಲ್ಲ. ಸಾರಿಗೆ ನಿಜವಾಗಿಯೂ ಉಪ್ಪು ಕಮ್ಮಿಯಾಗಿತ್ತು.